ಬೇಲಿಯೊಳಗಿನ ಕೋವಿ ಹೂವು

ಈ ಸಲದ ಹುತ್ತರಿ ಹಬ್ಬಕ್ಕೆ ಮಡಿಕೇರಿ ಹತ್ತಿರದ ಗಾಳಿಬೀಡಿಗೆ ಹೋಗಿದ್ದೆ. ಏಳು ವರ್ಷದ ಮೇಲೆ. ಬಸ್ಸಿಳಿದು, ಕಾಫಿ ತೋಟದ ನಡುವಿನ ಕಾಲುದಾರಿಯಲ್ಲಿ ನಡೆದು, ಚಿಣ್ಣಪ್ಪಣ್ಣನ ಮನೆಯ ಗೇಟು ತೆಗೆದಿದ್ದೇ ತಡ, ಒಳಗಿನಿಂದ ಗೆಣಸು ಬೇಯುವ ವಾಸನೆ ಬಂತು. ಹುತ್ತರಿ ಗೆಣಸು ಬೇಯುವಾಗ ಹಸಿ ಮಣ್ಣು, ಬೂದಿ, ಒಂದಿಷ್ಟು ಸಿಹಿ ಎಲ್ಲ ಕಲಸಿದ ಹಾಗೆ ವಾಸನೆ ಇರುತ್ತದೆ. ಯಾರಿಗಾದರೂ ಹಸಿವಾಗಬೇಕು. ನಾನು ಮೂಗು ಮುಚ್ಚಿಕೊಂಡೆ. ಗೇಟಿನ ಕಂಬ ಹಿಡಿದುಕೊಂಡು ಸ್ವಲ್ಪ ಹೊತ್ತು ಅಲ್ಲೇ ನಿಂತೆ.

ಆ ಮನೆಯಲ್ಲಿ ನಾನಿದ್ದದ್ದು ಒಂದೇ ವರ್ಷ. ಆ ವರ್ಷದಲ್ಲಿ ನನ್ನ ಹೂವಿನ ಹುಚ್ಚಿನಿಂದ ಒಂದು ಜೀವ ಹೋಗುವುದರಲ್ಲಿತ್ತು. ಜೀವ ಹೋಗಲಿಲ್ಲ. ಆದರೆ ಆಮೇಲೆ ನಾನು ಬಾಯಿ ಮುಚ್ಚಿಕೊಂಡಿದ್ದೆನಲ್ಲ, ಅದರಿಂದ ಆದದ್ದು ಇನ್ನೂ ಕೆಟ್ಟದ್ದು. ಹೂವಿನ ಗಿಡ ಸಾಕುವವರನ್ನು ಜನ ಒಳ್ಳೆಯ ಮನಸ್ಸಿನವರು ಎಂದುಕೊಳ್ಳುತ್ತಾರೆ. ನನ್ನ ವಿಷಯದಲ್ಲಿ ಹಾಗಂದುಕೊಂಡವರೆಲ್ಲ ಮೋಸಹೋದರು.

ನಾನು ಶನಿವಾರಸಂತೆ ಕಡೆಯವಳು. ಟೀಚರ್ ಕೆಲಸದ ಮೊದಲ ಪೋಸ್ಟಿಂಗ್ ಗಾಳಿಬೀಡಿನ ಆಚೆಗಿನ ಸಣ್ಣ ಶಾಲೆಯೊಂದಕ್ಕೆ ಆದಾಗ ಅಮ್ಮ, "ಅಲ್ಲಿ ಜಿಗಣೆ ಬಿಟ್ರೆ ಇನ್ನೇನದೆ?" ಅಂದಿದ್ದಳು. ನಾನು ಹೊರಟದ್ದು ಒಂದು ಸೂಟ್‌ಕೇಸ್ ಬಟ್ಟೆ, ಎರಡು ಚೀಲ ಗಿಡಗಳ ಜೊತೆ. ಚೀಲದಲ್ಲಿ ನಾಲ್ಕು ಬಣ್ಣದ ಸೇವಂತಿಗೆ ಸಸಿ, ಮತ್ತೆ ಡೇರೆ ಗೆಡ್ಡೆ. ಪೇಟೆಯವರು ಡೇಲಿಯಾ ಅನ್ನುತ್ತಾರಲ್ಲ, ಅದೇ ಡೇರೆ. ನಮ್ಮ ಕಡೆ ಹೆಂಗಸರು ಮದುವೆ ಮನೆಯಲ್ಲಿ ಕೂತಾಗಲೂ ಮಾತಾಡುವುದು ಅದರ ಗೆಡ್ಡೆಯ ವಿಚಾರವೇ. ಒಡವೆ ಕೇಳಿದರೂ ಕೊಟ್ಟಾರು, ಹೊಸ ಬಣ್ಣದ ಡೇರೆ ಗೆಡ್ಡೆ ಕೇಳಿದರೆ ಮುಖ ತಿರುಗಿಸುತ್ತಾರೆ.

ಚಿಣ್ಣಪ್ಪಣ್ಣನ ಮನೆಯ ಹೊರಗಿನ ಕೋಣೆ ಬಾಡಿಗೆಗೆ ಸಿಕ್ಕಿತು. ಅರೆಭಾಷೆ ಗೌಡರ ಮನೆ. ಅವರವರಲ್ಲಿ ಅರೆಭಾಷೆ, ನನ್ನ ಹತ್ತಿರ ಎಲ್ಲರಿಗೂ ತಿಳಿಯುವ ಕನ್ನಡ, ಮನೆಯ ಅಜ್ಜಿಯದು ಮಾತ್ರ ಎರಡೂ ಕಲಸಿದ ಮಾತು. ಮನೆಯಲ್ಲಿ ಮೂರೇ ಜನ. ಸ್ವಲ್ಪ ಏಲಕ್ಕಿ, ಸ್ವಲ್ಪ ಕಾಫಿ, ಒಂದು ತುಂಡು ಗದ್ದೆ ನೋಡಿಕೊಂಡಿದ್ದ ಚಿಣ್ಣಪ್ಪಣ್ಣ, ಅವರ ಹೆಂಡತಿ ಜಾನಕ್ಕ, ತಾಯಿ ಪೂವಮ್ಮಜ್ಜಿ. ಒಬ್ಬಳೇ ಮಗಳನ್ನು ಚೆಟ್ಟಳ್ಳಿಗೆ ಕೊಟ್ಟಿದ್ದರು. ಜಾನಕ್ಕನಿಗೆ ಆಗ ನಲವತ್ತೈದಿರಬಹುದು. ಸೊಂಟದಿಂದ ಕೆಳಗಿಳಿಯುವ ಜಡೆ. ಅದನ್ನು ಒಣಗಿಸುವುದಕ್ಕೇ ಅವರಿಗೆ ಒಂದು ಇಡೀ ಭಾನುವಾರ ಬೇಕಾಗುತ್ತಿತ್ತು. ಅಜ್ಜಿಯ ಎರಡು ಕಣ್ಣಿಗೂ ಪೊರೆ ಬರುತ್ತಿತ್ತು, ಆಪರೇಷನ್ ಅಂದರೆ ಬೇಡ ಅನ್ನುತ್ತಿದ್ದರು. ಆದರೂ ಅಡುಗೆಮನೆ ಅವರದ್ದೇ. ಉಪ್ಪಿನ ಭರಣಿ ಎಲ್ಲಿ, ಹುಳಿಗೆ ಹಾಕುವ ಕಾಚಂಪುಳಿಯ ಬಾಟಲಿ ಎಲ್ಲಿ ಎಂಬುದೆಲ್ಲ ಅವರ ಕೈಬೆರಳಿಗೆ ಗೊತ್ತಿತ್ತು.

ಜೂನ್‌ನಲ್ಲಿ ಮಳೆಯ ನಡುವೆಯೇ ಅಂಗಳದ ಪಕ್ಕದ ಇಳಿಜಾರಿನಲ್ಲಿ ಮೂರು ಪಾತಿ ಕಡಿದೆ. ಆಷಾಢದಲ್ಲಿ ಸೇವಂತಿಗೆಯ ತುದಿ ಚಿವುಟಿದೆ, ಚಿವುಟಿದ ತುದಿಯನ್ನೂ ನೆಟ್ಟೆ. ಬಸವನಹುಳ ಬಾರದಿರಲಿ ಎಂದು ಸುತ್ತ ಒಲೆಬೂದಿ ಚೆಲ್ಲಿದೆ. ಒಂದು ಮಳೆ ಬಂದರೆ ಬೂದಿ ತೊಳೆದು ಹೋಗುತ್ತಿತ್ತು, ಮತ್ತೆ ಚೆಲ್ಲುತ್ತಿದ್ದೆ. ಬೂದಿ ಕೊಡುತ್ತಿದ್ದದ್ದು ಅಜ್ಜಿ. ಕೊಡುವಾಗೆಲ್ಲ, "ನಮ್ಮ ಮನೇಲಿ ಒಲೆ ಉರಿಯುದು ಈಗ ಟೀಚರ ಹೂವಿಗೆ" ಎಂದು ಗೊಣಗುತ್ತಿದ್ದರು. ಒಂದು ಸಂಜೆ ಜಗಲಿಯ ಲೈಟು ಆರಿಸಿಬಿಟ್ಟರು. ಯಾಕಜ್ಜಿ ಅಂದರೆ, ಸೇವಂತಿಗೆಗೆ ರಾತ್ರಿ ಕತ್ತಲೆ ಇರಬೇಕು, ಇಲ್ಲದಿದ್ದರೆ ಮೊಗ್ಗು ಕಟ್ಟುವುದಿಲ್ಲ ಅಂದರು. ನಾನು ಪುಸ್ತಕದಲ್ಲಿ ಓದಿದ್ದನ್ನು ಈ ಮುದುಕಿ ಯಾವ ಪುಸ್ತಕದಲ್ಲೂ ಓದಿರಲಿಲ್ಲ. ಅವತ್ತಿನಿಂದ ನಮ್ಮಿಬ್ಬರಿಗೆ ಸ್ನೇಹವಾಯಿತು.

ಆ ಸ್ನೇಹದಲ್ಲಿ ಮೊದಲ ಬಿರುಕು ಬಂದದ್ದು ಗೌರಿ ಹೂವಿನಿಂದ. ಕೆಂಪು ಹಳದಿ ಬೆಂಕಿಯ ನಾಲಿಗೆಯ ಹಾಗೆ ಎಸಳು ಮೇಲಕ್ಕೆ ಚಾಚಿಕೊಳ್ಳುವ ಬಳ್ಳಿ ಅದು. ನಮ್ಮ ಕಡೆ ಗೌರಿ ಹಬ್ಬದ ಹೊತ್ತಿಗೆ ಅರಳುವುದರಿಂದ ಆ ಹೆಸರು. ಗಾಳಿಬೀಡಿನ ಕಡೆ ಅದು ಕೋವಿಯ ಹೂವು. ಸೆಪ್ಟೆಂಬರಿನ ಕೈಲು ಮುಹೂರ್ತದ ದಿನ ಕೋವಿಯನ್ನು ತೊಳೆದು ದೇವರ ಮುಂದಿಟ್ಟು, ನಳಿಗೆಯ ತುದಿಗೆ ಈ ಹೂವನ್ನೇ ಸಿಕ್ಕಿಸಬೇಕು. ಶಾಲೆಯ ದಾರಿಯಲ್ಲಿ ಬರೆಯ, ಅಂದರೆ ಗುಡ್ಡದ ಕಡಿದಾದ ಬದಿಯ, ಮಣ್ಣು ಜಾರಿದ ಕಡೆ ಅದರ ಗೆಡ್ಡೆ ಹೊರಗೆ ಕಾಣುತ್ತಿತ್ತು. ಇಂಗ್ಲಿಷ್ ವಿ ಅಕ್ಷರದಂತೆ ಎರಡು ಕವಲು, ಬೆರಳು ಗಾತ್ರ, ಬಿಳಿ. ಮೂರು ಕಿತ್ತು ತಂದು ಬೇಲಿಯ ಬುಡದಲ್ಲಿ ನೆಟ್ಟೆ.

ಅಜ್ಜಿ ಕೋಲೂರಿಕೊಂಡು ಬಂದು ನೋಡಿದರು.

"ಅದು ಕಾಡ್ಲಿ ಇರುವಂತದ್ದು ಟೀಚರೇ. ಹಬ್ಬಕ್ಕೆ ಹೂ ತಂದ್ರೆ ಸಾಕು. ಗೆಡ್ಡೇನ ಬೇಲಿ ಒಳಗೆ ತರಬಾರ್ದು."

"ಯಾಕಜ್ಜಿ, ತಂದರೆ ಏನಾಗ್ತದೆ?"

"ಎಂತ ಆದು ಅಂತ ನೋಡಿದವು ಯಾರೂ ಹೇಳಿಕೆ ಇಲ್ಲೆ."

ನೋಡಿದವರು ಯಾರೂ ಹೇಳಲು ಉಳಿದಿಲ್ಲ ಎಂದು ಅದರ ಅರ್ಥ. ನಾನು ನಕ್ಕೆ. ಅದು ವಿಷದ ಗೆಡ್ಡೆ ಎಂದು ನನಗೂ ಗೊತ್ತಿತ್ತು. ಹೂವಿನ ಗಿಡವನ್ನು ಯಾರು ತಿನ್ನುತ್ತಾರೆ, ಸಣ್ಣ ಮಕ್ಕಳಿಲ್ಲದ ಮನೆ, ದನ ಬರದ ಬೇಲಿ ಎಂದು ನನ್ನ ಲೆಕ್ಕಾಚಾರ. ಓದಿದವರಿಗೆ ಮುದುಕರ ಮಾತಿನಲ್ಲಿ ಮೂಢನಂಬಿಕೆ ಹುಡುಕುವುದು ಒಂದು ಚಟ, ನನಗೂ ಇತ್ತು.

ಬಳ್ಳಿ ಬೇಲಿ ಹತ್ತಿ ಹೂ ಬಿಟ್ಟ ಚಂದ ನೋಡಬೇಕಿತ್ತು. ಕೈಲು ಮುಹೂರ್ತದ ದಿನ ಸುರಿವ ಮಳೆಯಲ್ಲಿ ಕಾಡಿನಂಚು ಅಲೆಯುವ ಬದಲು ಅಕ್ಕಪಕ್ಕದವರೆಲ್ಲ ನಮ್ಮ ಬೇಲಿಗೇ ಬಂದರು. ಚಿಣ್ಣಪ್ಪಣ್ಣನೂ ಅಲ್ಲಿಂದಲೇ ಎರಡು ಹೂ ಕಿತ್ತು ಕೋವಿಗೆ ಸಿಕ್ಕಿಸಿದರು. ಅಜ್ಜಿ ಆ ಕಡೆ ನೋಡಲಿಲ್ಲ. ಸಂಜೆ ಮರಕ್ಕೆ ಕಟ್ಟಿದ ತೆಂಗಿನಕಾಯಿಗೆ ಗುಂಡು ಹೊಡೆಯುವ ಆಟದಲ್ಲಿ ಪ್ರತಿ ವರ್ಷ ಗೆಲ್ಲುತ್ತಿದ್ದ ಚಿಣ್ಣಪ್ಪಣ್ಣನ ಮೂರು ಗುಂಡಿಗೂ ಕಾಯಿ ಅಲುಗಲಿಲ್ಲ. ಎಲ್ಲರೂ ತಮಾಷೆ ಮಾಡಿದರು. "ಟೀಚರ ಹೂವಿನ ಭಾರಕ್ಕೆ ಕೋವಿ ಬಗ್ಗಿತು ಮಾರಾಯ್ರೆ" ಎಂದು ಯಾರೋ ಅಂದರು, ನಾನೂ ನಕ್ಕೆ. ಅಜ್ಜಿ ಮಾತ್ರ ಎದ್ದು ಒಳಗೆ ಹೋದರು.

ಅಕ್ಟೋಬರಿನಲ್ಲಿ ಮಳೆ ಹಿಂದೆ ಸರಿಯಿತು. ಬೆಳಿಗ್ಗೆ ಮಂಜು ಬೀಳತೊಡಗಿತು. ಡೇರೆ ಮೊದಲು ಅರಳಿತು, ತಟ್ಟೆಯಗಲದ ಹೂವು, ಕಡುಗೆಂಪು. ಸೇವಂತಿಗೆ ಮೊಗ್ಗು ಕಟ್ಟಿತು. ಗೌರಿ ಹೂವಿನ ಬಳ್ಳಿ ಮಾತ್ರ ಅಡಿಯಿಂದ ಹಳದಿಯಾಗಿ, ಒಣಗಿ, ಹುರಿಹಗ್ಗದ ಹಾಗೆ ಬೇಲಿಯಲ್ಲಿ ನೇತುಬಿತ್ತು. ಚಳಿಗಾಲದ ಹೂವುಗಳು ಬರುವಾಗ ಅದು ನೆಲದೊಳಗೆ ಹೋಗುತ್ತದೆ.

ದೀಪಾವಳಿ ರಜೆಗೆ ಊರಿಗೆ ಹೋಗಿ ಬರುವಾಗ ಅಮ್ಮ ನಮ್ಮ ಹಿತ್ತಿಲಿನ ಬಿಳಿ ಹೆಗ್ಗೆಣಸು ಒಂದು ಚೀಲ ಕಟ್ಟಿಕೊಟ್ಟಳು. "ಅವರ ಹುತ್ತರಿಗೆ ಗೆಣಸು ಬೇಕಂತಲ್ಲ, ಕೊಡು" ಅಂದಳು. ಹುತ್ತರಿ ಎಂದರೆ ಹೊಸ ಭತ್ತದ ಕದಿರು ಮನೆಗೆ ತರುವ ಹಬ್ಬ. ಅವತ್ತು ಗೆಣಸು ಬೇಯಿಸದ ಮನೆ ಇಲ್ಲ. ಇಲ್ಲಿನ ಗೆಣಸಿಗೆ ಒಳಗೆ ನೇರಳೆ ಬಣ್ಣ. ಬಿಳಿಯದನ್ನು ಕಂಡು ಜಾನಕ್ಕನಿಗೆ ಖುಷಿಯಾಯಿತು. ಅಜ್ಜಿ ಅದನ್ನೂ ತಮ್ಮ ಬೂದಿಬುಟ್ಟಿಗೆ ಸೇರಿಸಿದರು. ಒಲೆಯ ಮೇಲಿನ ಅಟ್ಟದಲ್ಲಿ ಒಂದು ದೊಡ್ಡ ಬುಟ್ಟಿ, ತುಂಬ ಬೂದಿ, ಬೂದಿಯಲ್ಲಿ ಮುರಿದಿಟ್ಟ ಗೆಣಸು. ಕೆಳಗಿನ ಬಿಸಿಗೆ ಎಷ್ಟು ದಿನವಾದರೂ ಕೊಳೆಯುವುದಿಲ್ಲ.

ನಾನು ರಜೆ ಮುಗಿಸಿ ಬಂದ ವಾರದಲ್ಲೇ ಅಜ್ಜಿ ಮತ್ತೆ ಬೇಲಿಯ ಹತ್ತಿರ ಬಂದರು. "ಹಬ್ಬ ಹತ್ರ ಬಾತುಟ್ಟು ಟೀಚರೇ. ಹೂ ನೋಡಿ ಆತಲ್ಲ. ಇನ್ನಾದ್ರೂ ಅದ್ನ ಅಗೆದು ಬರೆಯ ಕೆಳಗೆ ಎಸೆದು ಬನ್ನಿ" ಅಂದರು. ದನಿಯಲ್ಲಿ ಬೇಡಿಕೆ ಇತ್ತು.

ಅಗೆದೆ. ಮೂರು ಗೆಡ್ಡೆ ಏಳಾಗಿದ್ದವು, ಕೊಬ್ಬಿದ್ದವು. ಎಸೆಯಲು ಮನಸ್ಸು ಬರಲಿಲ್ಲ. ನನ್ನ ಕೋಣೆಯ ಗೋಡೆ ನೀರು ಒಸರುತ್ತಿತ್ತು, ನೆಡದೆ ಅಲ್ಲಿಟ್ಟಿದ್ದ ಒಂದಷ್ಟು ಡೇರೆ ಗೆಡ್ಡೆಗಳು ಜೂನ್‌ನಲ್ಲೇ ಕೊಳೆತಿದ್ದವು. ಅಜ್ಜಿ ಅಂಗಳದಲ್ಲಿ ಬಿಸಿಲು ಕಾಯುತ್ತಿದ್ದಾಗ, ಜಾನಕ್ಕ ತೋಟಕ್ಕೆ ಹೋಗಿದ್ದಾಗ, ಸ್ಟೂಲ್ ಹತ್ತಿ ಆ ಏಳನ್ನೂ ಬೂದಿಬುಟ್ಟಿಯ ತಳದಲ್ಲಿ ಹುದುಗಿಸಿದೆ. ಹಬ್ಬ ಕಳೆದ ಮೇಲೆ ತೆಗೆದು ಊರಿಗೆ ಒಯ್ದರಾಯಿತು, ಅಷ್ಟರಲ್ಲಿ ತಳ ಮುಟ್ಟುವಷ್ಟು ಗೆಣಸು ಯಾರೂ ತೆಗೆಯುವುದಿಲ್ಲ ಎಂದುಕೊಂಡೆ. ಬೂದಿ ಮೆತ್ತಿಕೊಂಡ ಮೇಲೆ ಗೆಣಸಿನ ಚೂರು ಯಾವುದು, ಅದು ಯಾವುದು, ನನಗೇ ತಿಳಿಯುತ್ತಿರಲಿಲ್ಲ. ಅದನ್ನು ಆಗಲೇ ಗಮನಿಸಿದ್ದೆ. ಗಮನಿಸಿಯೂ ಸ್ಟೂಲ್ ಇಳಿದೆ.

"ಎಸೆದ್ರಾ?" ಅಂದರು ಅಜ್ಜಿ.

"ಎಸೆದೆ ಅಜ್ಜಿ" ಅಂದೆ.

ಅವರ ಮುಖ ಎಷ್ಟು ಹಗುರಾಯಿತೆಂದರೆ, ನನ್ನ ಕೆನ್ನೆ ಸವರಿದರು. ಸುಳ್ಳು ಇಷ್ಟು ಸುಲಭವೇ ಎಂದು ನನಗೆ ಆಶ್ಚರ್ಯವಾಯಿತು.

ಹುತ್ತರಿಯ ದಿನ ಸಂಜೆ ಗದ್ದೆಯಲ್ಲಿ ಕದಿರು ಕೊಯ್ದು, ಕೋವಿ ಹಾರಿಸಿ, "ಪೊಲಿ ಪೊಲಿ" ಎಂದು, ಬೆಳೆ ಹೆಚ್ಚಲಿ ಅನ್ನುವ ಕೂಗಿನೊಂದಿಗೆ ಮನೆಗೆ ತಂದೆವು. ಬಂದವರೆಲ್ಲ ಹೋದ ಮೇಲೆ ಮನೆಯವರ ಊಟ. ಅವರಿಗೆ ಹಬ್ಬವೆಂದರೆ ಮಾಂಸದ ಅಡುಗೆ; ನಾನು ತಿನ್ನುವುದಿಲ್ಲ. ಅದಕ್ಕೆ ಜಾನಕ್ಕ ನನಗೆಂದು ಬೇರೆ ಪಾತ್ರೆಯಲ್ಲಿ ಅಡುಗೆ ಮಾಡಿದ್ದರು. ಗೆಣಸನ್ನೂ ಎರಡು ಪಾತ್ರೆಯಲ್ಲಿ ಬೇಯಿಸಿದ್ದರು, ನೇರಳೆಯ ಬಣ್ಣ ಬಿಳಿಯದಕ್ಕೆ ಹತ್ತಬಾರದೆಂದು. ನನ್ನ ಊರಿನ ಬಿಳಿ ಗೆಣಸನ್ನು ಮೊದಲು ನನ್ನ ಎಲೆಗೇ ಬಡಿಸಬೇಕೆಂದು ತಂದರು. ಬಡಿಸುವ ಮೊದಲು ಬೆಂದಿದೆಯೋ ಎಂದು ಒಂದು ಚೂರು ಬಾಯಿಗೆ ಹಾಕಿಕೊಂಡರು.

ಅಗಿಯುವುದು ಒಂದು ಕ್ಷಣ ನಿಂತಿತು. ನನ್ನ ಮುಖ ನೋಡಿದರು. ನುಂಗಿದರು. ಆಮೇಲೆ ನಕ್ಕು ಆ ತಟ್ಟೆಯನ್ನು ತಮ್ಮ ಕಡೆಗೆ ಎಳೆದುಕೊಂಡು ನನ್ನ ಎಲೆಗೆ ನೇರಳೆ ಗೆಣಸು ಬಡಿಸಿದರು.

"ನೀವು ನಮ್ಮದು ತಿನ್ನಿ ಟೀಚರೇ. ನಿಮ್ಮೂರಿನದ್ದು ನಿಮಗೆ ದಿನಾ ಉಂಟಲ್ಲ. ಅದು ಇವತ್ತು ನನಗೆ, ಯಾರಿಗೂ ಕೊಡುವುದಿಲ್ಲ."

"ಆಸೆಬುರುಕಿ" ಎಂದರು ಚಿಣ್ಣಪ್ಪಣ್ಣ. ಎಲ್ಲರೂ ನಕ್ಕೆವು. ನಮ್ಮ ಹಿತ್ತಿಲ ಗೆಣಸು ಅಷ್ಟು ರುಚಿಸಿತಲ್ಲ ಎಂದು ನಾನು ಉಬ್ಬಿಹೋದೆ, ಅಮ್ಮನಿಗೆ ಫೋನ್ ಮಾಡಿ ಹೇಳಬೇಕು ಅಂದುಕೊಂಡೆ.

ಬೆಳಿಗ್ಗೆ ನಾನೇಳುವ ಹೊತ್ತಿಗೆ ಜಾನಕ್ಕ ಬಚ್ಚಲಿನ ಗೋಡೆಗೊರಗಿ ಕೂತಿದ್ದರು. ವಾಂತಿ, ಭೇದಿ. ಹಬ್ಬದ ಊಟ ಹೆಚ್ಚಾಯಿತು, ಗದ್ದೆಯ ಚಳಿ ಹಿಡಿಯಿತು, ಹಂದಿ ಮಾಂಸ ಸರಿ ಬೆಂದಿರಲಿಲ್ಲ ಎಂದೆಲ್ಲ ಮಾತಾಯಿತು. ಜೀರಿಗೆ ಕಷಾಯ ಕೊಟ್ಟರು, ನಿಲ್ಲಲಿಲ್ಲ. ಹತ್ತು ಗಂಟೆಗೆ ತುಟಿ ನೀಲಿಯಾಗತೊಡಗಿತು. ಚಿಣ್ಣಪ್ಪಣ್ಣ ಪಕ್ಕದ ಎಸ್ಟೇಟಿನ ಜೀಪು ಕರೆಸಿ ಮಡಿಕೇರಿಗೆ ಒಯ್ದರು. ಮನೆಯಲ್ಲಿ ಅಜ್ಜಿ ಮತ್ತು ನಾನು ಉಳಿದೆವು.

"ಹಂದಿ ಎಲ್ಲರೂ ತಿಂದದ್ದೇ" ಎಂದರು ಅಜ್ಜಿ, ತಮಗೆ ತಾವೇ ಎಂಬಂತೆ. "ಜಾನಕಿ ಒಬ್ಬಳೇ ತಿಂದದ್ದು ಆ ಬಿಳಿ ಗೆಣಸು. ಕಹಿ ಉಟ್ಟು ಅಂತ ರಾತ್ರಿ ನನ್ನ ಕಿವಿಲಿ ಹೇಳ್ತ್. ಎಸೆದ್ರೆ ಟೀಚರಿಗೆ ಬೇಜಾರಾದು, ಬೇರೆಯವಕ್ಕೆ ಕಹಿ ಬಡ್ಸಿಕೆ ಆದುಲೆ, ಹುತ್ತರಿ ದಿನ ಅನ್ನ ಚೆಲ್ಲಬಾರ್ದು. ಅದಕ್ಕೆ ನಾನೇ ತಿಂದು ಮುಗಿಸಿದೆ ಅಂತ."

ಅಜ್ಜಿಯ ಮುಂದೆಯೇ ಸ್ಟೂಲ್ ಹತ್ತಿದೆ. ಅವರಿಗೆ ಕಂಡದ್ದು ಮಸುಕು ಆಕಾರ ಮಾತ್ರ. ಬುಟ್ಟಿಯಲ್ಲಿ ಕೈ ಹಾಕಿ ತಳದವರೆಗೆ ತಡಕಿದೆ. ಏಳರಲ್ಲಿ ಐದೇ ಇದ್ದವು. ಹಬ್ಬಕ್ಕೆ ಬಂದುಹೋಗುವವರು ಹೆಚ್ಚಾಗಿ, ಗೆಣಸು ಸಾಲದೆ, ಬುಟ್ಟಿಯನ್ನು ಕೆದಕಿ ತೆಗೆದಿದ್ದರು. ಐದನ್ನೂ ದುಪ್ಪಟ್ಟಾದಲ್ಲಿ ಸುತ್ತಿಕೊಂಡೆ.

ಮನೆಯಲ್ಲಿ ಫೋನಿಗೆ ನೆಟ್‌ವರ್ಕ್ ಸಿಗುತ್ತಿರಲಿಲ್ಲ, ರಸ್ತೆಯ ತಿರುವಿಗೆ ಹೋಗಬೇಕು. ಓಡಿ ಹೋದೆ. ಅಲ್ಲಿ ಹೋಗಿ ನಿಂತೆ. ಫೋನು ಕೈಯಲ್ಲಿತ್ತು, ಎರಡು ಗೆರೆ ನೆಟ್‌ವರ್ಕ್ ಇತ್ತು. ಡಾಕ್ಟರಿಗೆ ಹೇಗೂ ಗೊತ್ತಾಗುತ್ತದೆ, ನಾನು ಹೇಳಲೇಬೇಕೇ ಎಂದು ಒಂದು ಮನಸ್ಸು. ಕೆಲಸ ಹೋಗುತ್ತದೆ, ಪೊಲೀಸರು ಬರುತ್ತಾರೆ, ಅಮ್ಮನಿಗೆ ಏನು ಹೇಳಲಿ ಎಂದು ಇನ್ನೊಂದು. ಎಷ್ಟು ಹೊತ್ತು ನಿಂತಿದ್ದೆನೋ ಸರಿಯಾಗಿ ಹೇಳಲಾರೆ. ಮಡಿಕೇರಿ ಕಡೆಗೆ ಎರಡು ಬಸ್ಸು ಹೋದವು. ಎರಡನೆಯದರ ಕಂಡಕ್ಟರ್ ನನ್ನ ಹತ್ತಿರ ಬಸ್ಸು ನಿಲ್ಲಿಸಿ, "ಬರ್ತೀರಾ ಟೀಚರೇ?" ಅಂತ ಕೇಳಿದ. ಇಲ್ಲ ಅಂದೆ.

ಆಮೇಲೆ ಫೋನ್ ಮಾಡಿದೆ. "ಅಣ್ಣಾ, ಡಾಕ್ಟರಿಗೆ ಹೇಳಿ. ಗೆಣಸಿನ ಜೊತೆ ಕೋವಿ ಹೂವಿನ ಗೆಡ್ಡೆ ಸೇರಿಕೊಂಡಿರಬಹುದು. ಅಜ್ಜಿ ಕಹಿ ಅಂದ್ರು, ಅದಕ್ಕೆ ಅನುಮಾನ" ಅಂದೆ. ಅನುಮಾನ ಎಂಬ ಪದ ನನ್ನ ಬಾಯಿಗೆ ತಾನಾಗಿ ಬಂತು.

ಮಡಿಕೇರಿಯವರು ತಡ ಮಾಡಲಿಲ್ಲ. ಅದೇ ಸಂಜೆ ಆಂಬುಲೆನ್ಸ್ ಸಂಪಾಜೆ ಘಟ್ಟ ಇಳಿದು ಮಂಗಳೂರು ಸೇರಿತು. ಇದಕ್ಕೆ ಇಂಥದ್ದೇ ಅಂತ ಮದ್ದಿಲ್ಲ, ಮೈ ತಡೆದುಕೊಂಡರೆ ಉಂಟು, ಇಲ್ಲದಿದ್ದರೆ ಇಲ್ಲ ಎಂದರಂತೆ ಅಲ್ಲಿಯ ಡಾಕ್ಟರು. ಹನ್ನೊಂದು ದಿನ ಆಸ್ಪತ್ರೆ. ಆ ಹನ್ನೊಂದು ದಿನವೂ ನಾನು ಶಾಲೆಗೆ ಹೋಗಿ ಮಗ್ಗಿ ಹೇಳಿಸಿದೆ, ಬಂದು ಗಿಡಕ್ಕೆ ನೀರು ಹಾಕಿದೆ. ಉಳಿದ ಐದು ಗೆಡ್ಡೆಗಳನ್ನು ಶಾಲೆಯ ಹಿಂದಿನ ಪಾಳು ಗುಂಡಿಗೆ ಹಾಕಿ ಮಣ್ಣು ಎಳೆದೆ.

ನನ್ನ ಸೇವಂತಿಗೆ ಆ ವಾರವೇ ಅರಳಿತು. ನಾಲ್ಕು ಬಣ್ಣ, ಎಲೆ ಕಾಣದಷ್ಟು ಹೂವು. ಜಾನಕ್ಕನ ಸುದ್ದಿ ಕೇಳಲು ಬಂದವರೆಲ್ಲ ಗೇಟಿನ ಹತ್ತಿರ ನಿಂತು, "ಅಬ್ಬ, ಎಂಥ ಹೂವು!" ಅನ್ನುತ್ತಿದ್ದರು. ಇಂಥ ತೋಟ ನನ್ನ ಕೈಯಲ್ಲಿ ಮತ್ತೆ ಯಾವತ್ತೂ ಆಗಲಿಲ್ಲ. ಬೆಳಿಗ್ಗೆ ಕಿಟಕಿ ತೆರೆಯಲು ಹೆದರುತ್ತಿದ್ದೆ.

ಜಾನಕ್ಕ ಬದುಕುತ್ತಾರೆ ಎಂದು ಗೊತ್ತಾದ ಮೇಲೆ ಚಿಣ್ಣಪ್ಪಣ್ಣ ಒಂದು ದಿನದ ಮಟ್ಟಿಗೆ ಮನೆಗೆ ಬಂದರು. ಜಗಲಿಯಲ್ಲಿ ನೆಂಟರು, ನೆರೆಯವರು ಇದ್ದರು. ಟೀಚರಿಗೆ ಹೊಳೆಯದಿದ್ದರೆ ಹೆಂಡತಿ ಉಳಿಯುತ್ತಿರಲಿಲ್ಲ ಎಂದು ಎಲ್ಲರ ಮುಂದೆ ಕೈ ಮುಗಿದರು. ಆಮೇಲೆ ಕೇಳಿದರು, "ಆದರೆ ಅದು ಬುಟ್ಟಿಗೆ ಹೇಗೆ ಬಂತು?"

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ನಾನು ಕೈಯನ್ನು ಸೆರಗಿನೊಳಗೆ ಎಳೆದುಕೊಂಡೆ. ಬೇಲಿಯ ಗೆಡ್ಡೆ ಎಸೆದಾಯಿತಲ್ಲ ಎಂದರು ಯಾರೋ. ಎಸೆದದ್ದು ಸರಿ, ಒಂದೆರಡು ಅಂಗಳದಲ್ಲಿ ಬಿದ್ದಿದ್ದವೋ ಏನೋ, ತಮ್ಮ ತಾಯಿ ಗೆಣಸೆಂದು ಹೆಕ್ಕಿ ಬುಟ್ಟಿಗೆ ಹಾಕಿರಬೇಕು ಎಂದರು ಚಿಣ್ಣಪ್ಪಣ್ಣ. ಎಲ್ಲರೂ ಅಜ್ಜಿಯ ಕಡೆ ತಿರುಗಿದರು.

ಅಜ್ಜಿ ತಮ್ಮ ಎರಡು ಕೈಗಳನ್ನೂ ಮುಖದ ಹತ್ತಿರ ತಂದು ನೋಡಿಕೊಂಡರು. "ಹೆಕ್ಕಿದ್ ನೆನಪಿಲ್ಲೆ" ಎಂದರು. ಕೈಗಳನ್ನು ಮಡಿಲಿಗೆ ಇಳಿಸಿ, "ಕಣ್ಣ್ ಕಾಣುದಿಲ್ಲೆ. ನಂದೇ ಕೈ ಆಗಿರೊಕು. ಟೀಚರ್ ಎಸೆದಿದ್ದವು" ಎಂದರು.

ಆಗ ಹೇಳಬೇಕಿತ್ತು. ನಾಲಿಗೆಯ ತುದಿಯವರೆಗೆ ಬಂದಿತ್ತು. ಈಗಷ್ಟೇ ನನಗೆ ಕೈ ಮುಗಿದ ಮನುಷ್ಯನ ಮುಖ ಎದುರಿಗಿತ್ತು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಂದು ಮಕ್ಕಳಿಗೆ ಗಾದೆ ಬರೆಸುವವಳು ನಾನು. ಜಗಲಿಯ ಕಂಬಕ್ಕೊರಗಿ ನೆಲ ನೋಡುತ್ತಾ ನಿಂತೆ.

ಜಾನಕ್ಕ ಹನ್ನೆರಡನೆಯ ದಿನ ಮನೆಗೆ ಬಂದರು. ಅರ್ಧ ಆಗಿದ್ದರು. ಅಂಗಳದಲ್ಲಿ ಕುರ್ಚಿ ಹಾಕಿಸಿಕೊಂಡು ಬಿಸಿಲಿಗೆ ಕೂತು ಹೂವು ನೋಡಿದರು. "ನಾನಿಲ್ಲದಾಗ ಎಷ್ಟು ಚಂದ ಮಾಡಿದ್ದೀರಿ" ಎಂದರು. ಒಂದು ಹಳದಿ ಸೇವಂತಿಗೆ ಕಿತ್ತುಕೊಡಿ, ಮುಡಿಯುತ್ತೇನೆ ಎಂದರು. ಕೊಟ್ಟೆ. ಮಧ್ಯಾಹ್ನ ಮಲಗುವ ಮೊದಲು ಹೂವು ತೆಗೆಯಲು ತಲೆಗೆ ಕೈ ಹಾಕಿದರು. ಹೂವಿನ ಜೊತೆ ಒಂದು ಹಿಡಿ ಕೂದಲು ಬಂತು. ಮತ್ತೊಮ್ಮೆ ಕೈ ಹಾಕಿದರು, ಮತ್ತೊಂದು ಹಿಡಿ. ಎಳೆಯದೆಯೇ, ನೋವಿಲ್ಲದೆಯೇ ಬರುತ್ತಿತ್ತು. ಜಾನಕ್ಕ ಅಳಲಿಲ್ಲ. ಮಡಿ​ಲಲ್ಲಿ ಬಿದ್ದ ಕೂದಲನ್ನೂ ಹೂವನ್ನೂ ನೋಡುತ್ತಾ ಕೂತರು. ಡಾಕ್ಟರಿಗೆ ಫೋನ್ ಮಾಡಿದರೆ, ಈ ವಿಷಕ್ಕೆ ಹೀಗಾಗುತ್ತದೆ, ಮತ್ತೆ ಬರುತ್ತದೆ ಎಂದರು. ಮೂರು ದಿನದಲ್ಲಿ ಜಡೆ ಪೂರ್ತಿ ಹೋಯಿತು.

ಅದರ ಮರುದಿನವೇ ಅಡುಗೆಮನೆ ಅಜ್ಜಿಯ ಕೈತಪ್ಪಿತು. ಯಾರೂ ಜಗಳ ಮಾಡಲಿಲ್ಲ, ಒಂದು ಮಾತೂ ಏರಲಿಲ್ಲ. ಜಾನಕ್ಕ ತಲೆಗೆ ಬಟ್ಟೆ ಸುತ್ತಿಕೊಂಡು ಎದ್ದು ಹೋಗಿ, ಅಜ್ಜಿಯ ಕೈಯಿಂದ ಮೆಲ್ಲಗೆ ಕತ್ತಿ ತೆಗೆದುಕೊಂಡು, "ನೀವು ಇನ್ನು ಹೊರಗೆ ಕೂತುಕೊಳ್ಳಿ ಅತ್ತೆ" ಎಂದರು. ಬೂದಿಬುಟ್ಟಿಯನ್ನು ಚಿಣ್ಣಪ್ಪಣ್ಣ ಹಿತ್ತಿಲಲ್ಲಿ ಸುಟ್ಟರು. ಅಜ್ಜಿಯ ತಟ್ಟೆ ಜಗಲಿಗೆ ಬರತೊಡಗಿತು. ಅರವತ್ತು ವರ್ಷ ಆ ಒಲೆಯ ಮುಂದೆ ಕೂತ ಹೆಂಗಸಿಗೆ ಮಾಡಲು ಕೆಲಸವಿಲ್ಲದೆ, ನನ್ನ ಪಾತಿಯ ಹತ್ತಿರ ಬಂದು, ಬಾಡಿದ ಸೇವಂತಿಗೆಯನ್ನು ತಡಕಿ ತಡಕಿ ಚಿವುಟುತ್ತಿದ್ದರು. ಕಣ್ಣು ಕಾಣದೆ ಕೆಲವೊಮ್ಮೆ ಮೊಗ್ಗನ್ನೂ ಚಿವುಟುತ್ತಿದ್ದರು. ಚಿವುಟಿದ ಮೇಲೆ ಬೆರಳಿಗೆ ತಿಳಿದು, "ಇದೂ ನೋಡಿ ಟೀಚರೇ, ನನ್ನ ಕೈ ಹಾಂಗೇ" ಎನ್ನುತ್ತಿದ್ದರು. ಮಾಡಿದ್ದುಣ್ಣೋ ಮಾರಾಯ ಅನ್ನುತ್ತಾರೆ. ಇಲ್ಲಿ ಮಾಡಿದವಳು ನಾನು, ಉಂಡವರು ಅವರಿಬ್ಬರು.

ಹೇಳುತ್ತೇನೆ, ನಾಳೆ ಹೇಳುತ್ತೇನೆ ಎಂದುಕೊಂಡೇ ಚಳಿಗಾಲ ಕಳೆಯಿತು. ಕಾಫಿ ಹೂ ಬಿಟ್ಟಿತು. ಊರ ಕಡೆಗೆ ವರ್ಗ ಕೇಳಿ ಅರ್ಜಿ ಹಾಕಿದೆ, ಸಿಕ್ಕಿತು. ಹೊರಡುವ ದಿನ ಅಜ್ಜಿ ಗೇಟಿನವರೆಗೆ ಬಂದು, "ನೀವು ಇಲ್ಲದಿದ್ರೆ ನಾ ಕೊಲೆಗಾತಿ ಆಗಿ ಹೋಗ್ತಿದ್ದೆ" ಎಂದರು. ನಾನು ಅವರ ಕಾಲಿಗೆ ಬಿದ್ದೆ. ಊರು ಬಿಡುವ ಮಗಳು ನಮಸ್ಕಾರ ಮಾಡುತ್ತಿದ್ದಾಳೆ ಎಂದು ಅವರು ಆಶೀರ್ವಾದ ಮಾಡಿದರು.

ಈ ಮಳೆಗಾಲದಲ್ಲಿ ಅಜ್ಜಿ ತೀರಿಕೊಂಡರೆಂದು ಚಿಣ್ಣಪ್ಪಣ್ಣ ವಾಟ್ಸಾಪಿನಲ್ಲಿ ತಿಳಿಸಿದರು. ಆಗ ಹೋಗಲು ಧೈರ್ಯವಾಗಲಿಲ್ಲ. ಆಮೇಲೆ ಜಾನಕ್ಕ ಫೋನ್ ಮಾಡಿ ಹುತ್ತರಿಗೆ ಬನ್ನಿ ಎಂದು ಕರೆದರು, ಹೋದೆ.

ಗೇಟಿನ ಕಂಬ ಬಿಟ್ಟು ಒಳಗೆ ಹೋದಾಗ ಜಾನಕ್ಕ ಅಡುಗೆಮನೆಯ ಬಾಗಿಲಲ್ಲಿ ಕೂತು ಇನ್ನಷ್ಟು ಗೆಣಸು ಹೆರೆಯುತ್ತಿದ್ದರು. ಕೂದಲು ಮತ್ತೆ ಬಂದಿದೆ, ಭುಜದವರೆಗೆ, ಮುಕ್ಕಾಲು ಬಿಳಿ. ಚಿಣ್ಣಪ್ಪಣ್ಣ ಗದ್ದೆಗೆ ಹೋಗಿದ್ದರು. ಪಾತಿ ಇದ್ದ ಕಡೆ ಹುಲ್ಲು ಬೆಳೆದಿತ್ತು. ಜಾನಕ್ಕ ಅದು ಇದು ಮಾತಾಡಿ, ಕೊನೆಗೆ ಅಜ್ಜಿಯ ಸುದ್ದಿಗೆ ಬಂದರು.

"ಕೊನೆಕೊನೆಗೆ ಅವರಿಗೆ ಅದೊಂದೇ ಮಾತು ಟೀಚರೇ. ಯಾವ ಕೈಲಿ ಹಾಕಿದ್ದು, ಬಲದ್ದೋ ಎಡದ್ದೋ ಅಂತ ಕೇಳ್ತಿದ್ದರು. ನಾವು ಎಂತ ಹೇಳುವುದು?"

ಹೇಳಿದೆ. ಕೂತಲ್ಲೇ, ಎಲ್ಲವನ್ನೂ. ಬೇಲಿಯಿಂದ ಅಗೆದದ್ದು, ಎಸೆದೆ ಎಂದು ಸುಳ್ಳು ಹೇಳಿದ್ದು, ಸ್ಟೂಲ್ ಹತ್ತಿದ್ದು, ಏಳು ಗೆಡ್ಡೆ, ರಸ್ತೆಯ ತಿರುವಿನಲ್ಲಿ ನಿಂತದ್ದು, ಹೋದ ಎರಡು ಬಸ್ಸು. ಹೇಳಿ ಮುಗಿಸಿ ತಲೆ ತಗ್ಗಿಸಿದೆ. ಬೈಯಲಿ, ಮುಖಕ್ಕೆ ಉಗಿಯಲಿ, ಹೊರಗೆ ಹಾಕಲಿ ಎಂದು ಕಾದೆ. ಏಳು ವರ್ಷದಿಂದ ಕಾಯುತ್ತಿದ್ದೆ.

ಜಾನಕ್ಕ ಬೈಯಲಿಲ್ಲ. ನನ್ನನ್ನು ನೋಡಲೂ ಇಲ್ಲ. ಕೈಯಲ್ಲಿದ್ದ ಗೆಣಸು, ಕತ್ತಿ ಎರಡನ್ನೂ ಕೆಳಗಿಟ್ಟು, ಖಾಲಿ ಜಗಲಿಯ ಕಡೆ ತಿರುಗಿದರು.

"ಅತ್ತೆ ಹೋಗುವ ವಾರ ನನಗೆ ಜ್ವರ ಟೀಚರೇ" ಎಂದರು. "ಇವರು ಮನೇಲಿರಲಿಲ್ಲ. ಅತ್ತೆ ಗೋಡೆ ಹಿಡ್ಕೊಂಡು ಹಿಡ್ಕೊಂಡು ಒಳಗೆ ಬಂದು, ಹೇಗೋ ಒಲೆ ಹಚ್ಚಿ, ಒಂದು ಲೋಟ ಕಾಫಿ ಮಾಡಿ ತಂದು ಕೊಟ್ಟರು. ಅವರ ಎದುರಿಗೇ ನಾನು ಅದನ್ನು ಚೆಲ್ಲಿದೆ."